ಸ್ಥಾನಪಲ್ಲಟ ಅಂದರೆ ಕದಲಿದ್ದು ಯಾವುದು ಅಂತ ಮೊದಲು ಕೇಳಿ

ಹೋದ ಮಳೆಗಾಲದಲ್ಲಿ ಅಮ್ಮ ಬಚ್ಚಲಲ್ಲಿ ಜಾರಿ ಬಿದ್ದರು. ಮಣಿಕಟ್ಟಿನ ಎಕ್ಸ್‌ರೇ ತೆಗೆಸಿ, ರಿಪೋರ್ಟಿನ ಫೋಟೋ ತಮ್ಮನಿಗೆ ಕಳಿಸಿದೆ. ಎರಡೇ ನಿಮಿಷಕ್ಕೆ ಫೋನು. ‘ಅಕ್ಕಾ, ಡಿಸ್‌ಪ್ಲೇಸ್ಡ್ ಅಂತಿದೆ, ಆಪರೇಷನ್ನೇ ಗತಿ!’ ಆ ಪದದ ಹಿಂದೆ ಒಂದು ‘ಅನ್’ ಇತ್ತು, ಪುಣ್ಯಾತ್ಮ ಅದನ್ನು ನೋಡಿರಲಿಲ್ಲ. ಮೂಳೆ ಬಿರುಕು ಬಿಟ್ಟಿತ್ತು, ಆದರೆ ಜಾಗ ಬಿಟ್ಟಿರಲಿಲ್ಲ.

ನಾನು ಬಂಗಾರಪೇಟೆಯಲ್ಲಿ ಮಕ್ಕಳಿಗೆ ವಿಜ್ಞಾನದ ಟ್ಯೂಷನ್ ಹೇಳುತ್ತೇನೆ. ಒಂಬತ್ತನೇ ಕ್ಲಾಸಿನಲ್ಲಿ ‘ಸ್ಥಾನಪಲ್ಲಟ’ವನ್ನು (ಇಂಗ್ಲಿಷಿನ ಡಿಸ್‌ಪ್ಲೇಸ್‌ಮೆಂಟ್) ಗಟ್ಟಿ ಹೊಡೆದವರೇ, ಅದೇ ಪದ ಬೈಕಿನ ವಿವರದಲ್ಲೋ ಹಡಗಿನ ಸುದ್ದಿಯಲ್ಲೋ ಸಿಕ್ಕರೆ ತಬ್ಬಿಬ್ಬಾಗುತ್ತಾರೆ. ಅವರಿಗೆ ನಾನು ಹೇಳುವುದಿಷ್ಟೇ. ಸೂತ್ರ ಆಮೇಲೆ. ಮೊದಲು ಕೇಳಿ: ಕದಲಿದ್ದು ಯಾವುದು? ಎಲ್ಲಿಂದ? ಯಾವ ಕಡೆಗೆ?

ಬಯಲಿಗೆ ಹೋಗಿ, ಒಂದು ಕಲ್ಲಿಟ್ಟು ಅಲ್ಲಿಂದ ಪೂರ್ವಕ್ಕೆ 30 ಹೆಜ್ಜೆ ಹಾಕಿ. ಹಾಗೇ ಉತ್ತರಕ್ಕೆ ತಿರುಗಿ 40 ಹೆಜ್ಜೆ. ಈಗ ಕಲ್ಲಿನ ಕಡೆ ಮುಖ ಮಾಡಿ ನೆಟ್ಟಗೆ ನಡೆದು ಬನ್ನಿ. 50 ಹೆಜ್ಜೆ ಆಗುತ್ತದೆ. ಕಲ್ಲಿನ ಕಡೆ ತಿರುಗುವ ಮುಂಚೆ ನೀವು ಹೋದ ದೂರ 70, ಸ್ಥಾನಪಲ್ಲಟ 50, ಅದೂ ಸುಮಾರು ಈಶಾನ್ಯದ ಕಡೆಗೆ. ದಿಕ್ಕು ಬರೆಯದಿದ್ದರೆ ಉತ್ತರ ಅರ್ಧ. ಮಕ್ಕಳು ಅಂಕ ಕಳೆದುಕೊಳ್ಳುವುದು ಇಲ್ಲೇ ಜಾಸ್ತಿ.

ನಮ್ಮಜ್ಜ ಕೆಜಿಎಫ್‌ನಲ್ಲಿ ಚಾಂಪಿಯನ್ ರೀಫ್ ಗಣಿಗೆ ಇಳಿಯುತ್ತಿದ್ದವರು. ಆ ಗಣಿ ಕೊನೆಕೊನೆಗೆ 3 ಕಿಲೋಮೀಟರಿಗಿಂತ ಆಳಕ್ಕೆ ಹೋಗಿತ್ತು. ಬೆಳಿಗ್ಗೆ ಪಂಜರದಲ್ಲಿ ಇಳಿದು, ಪಾಳಿ ಮುಗಿದ ಮೇಲೆ ಅದೇ ಬಾಯಿಂದ ಮೇಲೆ ಬಂದರೆ ಅವರ ಸ್ಥಾನಪಲ್ಲಟ ಸೊನ್ನೆ. ಇದನ್ನು ಹೇಳಿದಾಗ ಒಬ್ಬ ಹುಡುಗಿ, ‘ದಿನವಿಡೀ ದುಡಿದರೂ ಸೊನ್ನೇನಾ ಮಿಸ್?’ ಅಂತ ಜಗಳಕ್ಕೇ ನಿಂತಳು. ಹೌದಮ್ಮ, ಅಜ್ಜನದು ಸೊನ್ನೆ. ಅವರು ಒಡೆದ ಕಲ್ಲಿನದು ಸೊನ್ನೆ ಅಲ್ಲ, ಅದು ಮೇಲೆ ಬಂದು ಮೇಲೇ ಉಳಿಯಿತು. ನಮ್ಮ ಮನೆಯವರೂ ಹಾಗೇ. ದಿನಾ ರೈಲಿನಲ್ಲಿ ಬೆಂಗಳೂರಿಗೆ ಸುಮಾರು 70 ಕಿ.ಮೀ., ವಾಪಸ್ 70. ರಾತ್ರಿ ಮನೆಗೆ ಬಂದಾಗ ಸೊನ್ನೆ. ರೈಲ್ವೆಯವರು ಪಾಸಿಗೆ ದುಡ್ಡು ಹಿಡಿಯುವುದು ಮಾತ್ರ ದೂರ ನೋಡಿ.

ಮೂಳೆಗೂ ಇದೇ ಪ್ರಶ್ನೆ. ಮುರಿದ ಎರಡು ತುಂಡುಗಳಲ್ಲಿ ಮೈಗೆ ಹತ್ತಿರ ಇರುವುದನ್ನು ವೈದ್ಯರು ಕದಲದ ಕಲ್ಲಿನ ಹಾಗೆ ಇಟ್ಟುಕೊಳ್ಳುತ್ತಾರೆ. ಅದರಿಂದ ಆಚೆಯ ತುಂಡು ಎಷ್ಟು, ಯಾವ ಕಡೆ ಸರಿದಿದೆ ಅಂತ ಬರೆಯುತ್ತಾರೆ. ರಿಪೋರ್ಟ್ ಕೈಗೆ ಬಂದರೆ ‘ಮೂಳೆ ಜರುಗಿದೆಯಾ, ಎಷ್ಟು, ಯಾವ ಕಡೆ?’ ಅಂತ ಕೇಳಿ. ಗಾಬರಿ ಆಮೇಲೆ ಬಿದ್ದರಾಯಿತು.

ನೀರಿನ ಲೆಕ್ಕ ಬೇರೆ. ಅಲ್ಲಿ ಕದಲಿದ್ದು ಕಲ್ಲಲ್ಲ, ಕಲ್ಲಿಗೆ ಜಾಗ ಬಿಟ್ಟ ನೀರು. ಅಡುಗೆಮನೆಯ ಡಿಜಿಟಲ್ ತಕ್ಕಡಿ ಇದ್ದರೆ ಮಾಡಿ ನೋಡಿ. ಅಜ್ಜ ಗಣಿಯಿಂದ ತಂದ ಒಂದು ಕಪ್ಪು ಕಲ್ಲು ನಮ್ಮ ಶೋಕೇಸಿನಲ್ಲಿದೆ. ತೂಕ 312 ಗ್ರಾಂ. ಅರ್ಧ ನೀರು ತುಂಬಿದ ಪಾತ್ರೆಯನ್ನು ತಕ್ಕಡಿ ಮೇಲಿಟ್ಟು ಸೊನ್ನೆ ಮಾಡಿದೆ. ಕಲ್ಲಿಗೆ ದಾರ ಕಟ್ಟಿ, ಪೂರ್ತಿ ಮುಳುಗುವ ಹಾಗೆ ಇಳಿಬಿಟ್ಟು ಹಿಡಿದೆ. ತಳಕ್ಕೆ ತಾಗಬಾರದು, ತಾಗಿದರೆ ಕಲ್ಲಿನ ಭಾರವೂ ಸೇರಿ ಲೆಕ್ಕ ಕೆಡುತ್ತದೆ. ತಕ್ಕಡಿ 104 ತೋರಿಸಿತು. ಅಂದರೆ ಜಾಗ ಬಿಟ್ಟ ನೀರು 104 ಗ್ರಾಂ. ನೀರು ಒಂದು ಗ್ರಾಮಿಗೆ ಒಂದು ಸಿಸಿ (ಘನ ಸೆಂ.ಮೀ.), ಹಾಗಾಗಿ ಕಲ್ಲಿನ ಗಾತ್ರ 104 ಸಿಸಿ. 312ನ್ನು 104ರಿಂದ ಭಾಗಿಸಿದರೆ 3, ಅಂದರೆ ಒಂದು ಸಿಸಿ ಕಲ್ಲಿನ ತೂಕ 3 ಗ್ರಾಂ. ಗ್ರಾನೈಟ್ ಆಗಿದ್ದರೆ ಸುಮಾರು 2.7 ಬರಬೇಕಿತ್ತು. ಇದು ಗಣಿಯ ಕಪ್ಪು ಬಂಡೆ, ಸ್ವಲ್ಪ ಭಾರ ಜಾಸ್ತಿ. (ಚಿನ್ನದ್ದಂತೂ 19.3. ಚಿನ್ನ ಇರಬಹುದು ಅಂತ ನಮ್ಮತ್ತೆಗೆ ಇವತ್ತಿಗೂ ಒಂದು ಆಸೆ.)

ತೇಲುವ ವಸ್ತುವಾದರೆ, ಪಕ್ಕಕ್ಕೆ ತಳ್ಳಿದ ನೀರಿನ ತೂಕವೇ ಅದರ ತೂಕ. ಐಎನ್‌ಎಸ್ ವಿಕ್ರಾಂತ್‌ನ ಡಿಸ್‌ಪ್ಲೇಸ್‌ಮೆಂಟ್ 40 ಸಾವಿರ ಟನ್ನಿಗೂ ಜಾಸ್ತಿ ಅಂದರೆ, ಅದು ಅಷ್ಟು ನೀರನ್ನು ತಳ್ಳಿಕೊಂಡು ನಿಂತಿದೆ ಅಂತ. ಎಷ್ಟು ದೂರ ಹೋಯಿತು ಅಂತಲ್ಲ.

ಬೈಕಿನಲ್ಲಿ ಕದಲುವುದು ಪಿಸ್ಟನ್. ಸ್ಪ್ಲೆಂಡರ್‌ನ ಸಿಲಿಂಡರ್ 5 ಸೆಂ.ಮೀ. ಅಗಲ, ಪಿಸ್ಟನ್ ಕೆಳಗಿಂದ ಮೇಲಕ್ಕೆ ಓಡುವುದು 4.95 ಸೆಂ.ಮೀ. 3.14 × 2.5 × 2.5 × 4.95 ಗುಣಿಸಿ. ಪಿಸ್ಟನ್ ಒಂದು ಸಲ ಓಡಿದಾಗ ತಳ್ಳುವ ಗಾತ್ರ, ಸುಮಾರು 97 ಸಿಸಿ ಬರುತ್ತದೆ. ಕಂಪನಿಯವರು ಬರೆಯುವ 97.2 ಸಿಸಿ ಇದೇ. ಟ್ಯಾಂಕಿನಲ್ಲಿ ಹಿಡಿಯುವ ಪೆಟ್ರೋಲು ಅಂತ ತಿಳಿದವರು ನಮ್ಮ ಬೀದಿಯಲ್ಲೇ ಇದ್ದಾರೆ!

ಮನಃಶಾಸ್ತ್ರದಲ್ಲೂ ಈ ಪದ ಇದೆ. ಅದಕ್ಕೆ ಪಾಠವೇ ಬೇಡ, ‘ಅತ್ತೆ ಮೇಲಿನ ಕೋಪ ಕೊತ್ತಿ ಮೇಲೆ’. ಕದಲಿದ್ದು ಕೋಪ.

ಕಷ್ಟ ಬರುವುದು ಸಮಾಜ ವಿಜ್ಞಾನದಲ್ಲಿ. ಲಿಂಗನಮಕ್ಕಿ ಅಣೆಕಟ್ಟಿಗೆ ಊರು ಬಿಟ್ಟವರ ಬಗ್ಗೆ ಒಬ್ಬ ಹುಡುಗ, ‘ಆರಂಭ ಬಿಂದುವಿನಿಂದ ಅಂತಿಮ ಬಿಂದುವಿಗೆ ಇರುವ ಕನಿಷ್ಠ ದೂರ’ ಅಂತ ಬರೆದಿಟ್ಟಿದ್ದ. ಆ ಲೆಕ್ಕದಲ್ಲಿ ಹೊರಟ ಜಾಗಕ್ಕೆ ತಿರುಗಿ ಬಂದರೆ ಸೊನ್ನೆ. ಇಲ್ಲಿ ಹೊರಟ ಜಾಗವೇ ನೀರಿನಡಿ ಇದೆ, ತಿರುಗಿ ಬರುವುದೆಲ್ಲಿಗೆ? ಹಾಗಾಗಿ ಜನರ ವಿಷಯ ಬಂದಾಗ ಇನ್ನೊಂದು ಪ್ರಶ್ನೆ ಸೇರಿಸಿಕೊಳ್ಳಿ: ಬಿಟ್ಟ ಜಾಗ ಈಗ ಏನಾಗಿದೆ?

ಕೆಜಿಎಫ್‌ಗೆ ಇದನ್ನು ಹಾಕಿ ನೋಡಿದಾಗ ನನಗೇ ಉತ್ತರ ತಲೆಕೆಳಗಾಯಿತು. 2001ರ ಫೆಬ್ರವರಿ 28ಕ್ಕೆ ಗಣಿ ಮುಚ್ಚಿದರು. ಎಷ್ಟೋ ಕುಟುಂಬಗಳು ಗಣಿ ಕಾರ್ಮಿಕರ ಅದೇ ಲೈನ್ ಮನೆಗಳಲ್ಲೇ ಉಳಿದವು. ಇಲ್ಲಿ ಕದಲಿದ್ದು ಜನ ಅಲ್ಲ, ಕೆಲಸ. ಅದು ಎಲ್ಲಿಗೆ ಹೋಯಿತು ಅಂತ ನೋಡಬೇಕಾದರೆ ಬೆಳಿಗ್ಗೆ ಬೆಂಗಳೂರಿನ ರೈಲು ಹತ್ತಿ. ಕೂರಲು ಜಾಗ ಸಿಗುವುದಿಲ್ಲ.