ಯಾವ ಸಾಕ್ಷ್ಯ ಯಾವ ಹೊತ್ತಿಗೆ ಹುಟ್ಟಿತು?

ಕ್ರಿಮಿನಲ್ ಮೇಲ್ಮನವಿಯ ಕಡತ ಕೈಗೆ ಬಂದಾಗ ನಾನು ತೀರ್ಪನ್ನು ಮೊದಲು ಓದುವುದಿಲ್ಲ. ವಕೀಲಿಯ ಆರಂಭದ ವರ್ಷಗಳಲ್ಲಿ ಓದುತ್ತಿದ್ದೆ. ಓದಿದ ಮೇಲೆ ಸೆಷನ್ಸ್ ನ್ಯಾಯಾಧೀಶರಿಗೆ ಕಂಡಂತೆಯೇ ಸಾಕ್ಷಿಗಳು ನನಗೂ ಕಾಣತೊಡಗುತ್ತಿದ್ದರು. ಈಗ ಒಂದು ಉದ್ದನೆಯ ಹಾಳೆ ತೆಗೆದುಕೊಂಡು ಬರೀ ದಿನಾಂಕ, ಗಂಟೆಗಳನ್ನು ಬರೆಯುತ್ತೇನೆ. ಘಟನೆ ಎಷ್ಟು ಹೊತ್ತಿಗೆ, ದೂರು ಎಷ್ಟು ಹೊತ್ತಿಗೆ, ಪ್ರಥಮ ವರ್ತಮಾನ ವರದಿ ಮ್ಯಾಜಿಸ್ಟ್ರೇಟರ ಕೈ ಸೇರಿದ್ದು ಯಾವಾಗ, ಯಾವ ಸಾಕ್ಷಿಯ ಹೇಳಿಕೆಯನ್ನು ಪೊಲೀಸರು ಯಾವ ದಿನ ಬರೆದುಕೊಂಡರು, ಮುದ್ದೆಮಾಲು, ಅಂದರೆ ಪ್ರಕರಣಕ್ಕೆ ಸಂಬಂಧಿಸಿದ ವಸ್ತು, ಜಪ್ತಿಯಾದದ್ದು ಎಂದು, ಪ್ರಯೋಗಾಲಯ ತಲುಪಿದ್ದು ಎಂದು. ವಿಚಾರಣಾ ನ್ಯಾಯಾಲಯ ಸಾಕ್ಷಿಯ ಮುಖ ನೋಡಿರುತ್ತದೆ, ತಡವರಿಸಿದ್ದನ್ನು ಕೇಳಿರುತ್ತದೆ. ಮೇಲ್ಮನವಿಯಲ್ಲಿ ನಮ್ಮ ಮುಂದೆ ಇರುವುದು ಕಾಗದ ಮಾತ್ರ. ಆ ಕಾಗದ ಹುಟ್ಟಿದ ಹೊತ್ತನ್ನು ನಾನು ಬಹಳ ನಂಬುತ್ತೇನೆ.

ಒಂದು ಪ್ರಕರಣವನ್ನು ಹೇಳುತ್ತೇನೆ. ಕೊಲೆ, ಇಬ್ಬರು ಆರೋಪಿಗಳು, ಇಬ್ಬರಿಗೂ ಜೀವಾವಧಿ ಶಿಕ್ಷೆ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ 2024ರ ಜುಲೈ 1ರಂದು ಜಾರಿಗೆ ಬರುವ ಮುನ್ನಿನದು, ಹಾಗಾಗಿ ಹೈಕೋರ್ಟಿಗೆ ಹೋದದ್ದು ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 374ನೇ ಕಲಂ ಅಡಿಯಲ್ಲಿ. ನಾನು ಇಬ್ಬರ ಪರವಾಗಿಯೂ ಇದ್ದೆ. ಪ್ರತ್ಯಕ್ಷ ಸಾಕ್ಷಿ ಒಬ್ಬನೇ, ಮೃತನ ಅಣ್ಣನ ಮಗ. ಒಬ್ಬನೇ ಎಂಬುದು ಕೊರತೆಯಲ್ಲ. ಆಗ ಜಾರಿಯಲ್ಲಿದ್ದ ಸಾಕ್ಷ್ಯ ಅಧಿನಿಯಮದ 134ನೇ ಕಲಂ ಇಂತಿಷ್ಟೇ ಸಾಕ್ಷಿಗಳು ಬೇಕೆಂದು ಕೇಳುತ್ತಿರಲಿಲ್ಲ. ವಡಿವೇಲು ತೇವರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1957ರಲ್ಲಿಯೇ ಸಾಕ್ಷಿಗಳನ್ನು ಪೂರ್ತಿ ನಂಬಬಹುದಾದವರು, ಪೂರ್ತಿ ನಂಬಲಾಗದವರು, ಎರಡರ ನಡುವಿನವರು ಎಂದು ವಿಂಗಡಿಸಿತು. ಬೇರೆ ಆಧಾರದ ಆಸರೆ ಬೇಕಾಗುವುದು ಮೂರನೆಯ ಬಗೆಯವರಿಗೆ. ಒಬ್ಬನೇ ಸಾಕ್ಷಿ ಒಬ್ಬ ಆರೋಪಿಯ ವಿಷಯದಲ್ಲಿ ಮೊದಲನೆಯ ಬಗೆಯವನೂ ಇನ್ನೊಬ್ಬನ ವಿಷಯದಲ್ಲಿ ಮೂರನೆಯ ಬಗೆಯವನೂ ಆಗಬಲ್ಲ ಎಂಬುದು ನನಗೆ ಮನದಟ್ಟಾದದ್ದು ಈ ಕಡತದಲ್ಲಿ.

ಮೊದಲ ಆರೋಪಿ ಮಚ್ಚಿನಿಂದ ತಲೆಗೆ ಮೂರು ಏಟು ಹಾಕಿದ ಎಂದು ಸಾಕ್ಷಿ ಹೇಳಿದ್ದ. ಮರಣೋತ್ತರ ಪರೀಕ್ಷೆಯ ವರದಿಯಲ್ಲಿ ತಲೆಯ ಮೇಲೆ ಮೂರು ಗಾಯಗಳಿದ್ದವು. ಆದರೆ ಒಂದು ಮಾತ್ರ ಕೊಯ್ದ ಗಾಯ, ಉಳಿದೆರಡು ಹರಿದ ಗಾಯ. ಹರಿತವಾದ ಆಯುಧದಿಂದ ಹರಿದ ಗಾಯ ಹೇಗೆ ಎಂದು ವಾದಿಸಬಹುದು ಅನ್ನಿಸಿತು. ಆದರೆ ಅದೇ ಮಚ್ಚಿನ ಹಿಂಬದಿ ಮೊಂಡು. ನೆತ್ತಿಯ ಚರ್ಮದಡಿ ನೇರವಾಗಿ ಮೂಳೆಯಿರುವುದರಿಂದ ಮೊಂಡು ಏಟಿಗೂ ಅಲ್ಲಿ ಚರ್ಮ ಸೀಳುತ್ತದೆ. ಒಮ್ಮೊಮ್ಮೆ ಕೊಯ್ದಂತೆಯೇ ಕಾಣುತ್ತದೆ. ವೈದ್ಯರು ಮಚ್ಚನ್ನು ನೋಡಿ ಮೂರೂ ಗಾಯ ಇದರಿಂದ ಆಗಬಹುದು ಎಂದಿದ್ದರು, ಪಾಟೀ ಸವಾಲಿನಲ್ಲಿ (ಎದುರು ಪಕ್ಷದ ವಕೀಲರು ಸಾಕ್ಷಿಯನ್ನು ಪ್ರಶ್ನಿಸುವಾಗ) ಗಾಯದ ಅಂಚುಗಳ ಬಗ್ಗೆ ಯಾರೂ ಕೇಳಿರಲಿಲ್ಲ. ಕಣ್ಣಿನ ಸಾಕ್ಷ್ಯವನ್ನು ವೈದ್ಯಕೀಯ ಸಾಕ್ಷ್ಯ ಬದಿಗೆ ಸರಿಸಬೇಕಾದರೆ ಸಾಕ್ಷಿ ಹೇಳಿದ್ದು ಸಾಧ್ಯವೇ ಇಲ್ಲ ಎಂದು ಅದು ತೋರಿಸಬೇಕು. ಅಬ್ದುಲ್ ಸಯೀದ್ ಪ್ರಕರಣದಲ್ಲಿ 2010ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದೂ ಇದನ್ನೇ. ಇಲ್ಲಿ ಅಷ್ಟು ದೂರ ಹೋಗಲು ಆಧಾರವಿರಲಿಲ್ಲ.

ಬೆಳಕನ್ನು ನೋಡಿದೆ. ಎಂಜಿನಿಯರ್ ಬರೆದ ಸ್ಥಳದ ನಕ್ಷೆಯಲ್ಲಿ ದೀಪದ ಕಂಬ ಹದಿನೆಂಟು ಅಡಿ ದೂರದಲ್ಲಿತ್ತು. ಆ ರಾತ್ರಿ ವಿದ್ಯುತ್ ಕಡಿತ ಇರಲಿಲ್ಲ ಎಂಬ ಪತ್ರವೂ ನಿಶಾನೆಯಾಗಿತ್ತು, ಅಂದರೆ ಸಂಖ್ಯೆ ಕೊಟ್ಟು ಸಾಕ್ಷ್ಯವಾಗಿ ಗುರುತಿಸಿದ ದಾಖಲೆಯಾಗಿತ್ತು. ಮೊದಲ ಆರೋಪಿ ಸಾಕ್ಷಿಯ ಬೀದಿಯವನೇ. ಒಂದೂವರೆ ಗಂಟೆಯೊಳಗೆ ಕೊಟ್ಟ ದೂರಿನಲ್ಲಿ ಅವನ ಹೆಸರಿತ್ತು, ವರದಿ ಬೆಳಗಾಗುವ ಮೊದಲೇ ಮ್ಯಾಜಿಸ್ಟ್ರೇಟರ ಮನೆ ತಲುಪಿತ್ತು. ಕಥೆ ಕಟ್ಟಲು ಅಲ್ಲಿ ಬಿಡುವೇ ಇರಲಿಲ್ಲ. ನನ್ನ ಕಕ್ಷಿದಾರನ ವಿರುದ್ಧವೇ ಆದರೂ ಹಾಳೆಯಲ್ಲಿ ಅದನ್ನು ಹಾಗೆಯೇ ಬರೆದುಕೊಂಡೆ.

ಎರಡನೆಯವನ ವಿಷಯ ಬೇರೆ. ದೂರಿನಲ್ಲಿ ಅವನು ‘ಜೊತೆಗಿದ್ದ ಇನ್ನೊಬ್ಬ’ ಮಾತ್ರ. ಹೆಸರು ಬಂದದ್ದು ಅವನ ಬಂಧನವಾದ ಮೇಲೆ, ಒಂಬತ್ತನೆಯ ದಿನದ ಮರುಹೇಳಿಕೆಯಲ್ಲಿ. ಹಲವರ ನಡುವೆ ನಿಲ್ಲಿಸಿ ಸಾಕ್ಷಿಯಿಂದ ಗುರುತಿಸುವ ಗುರುತು ಪತ್ತೆ ಪರೇಡ್ ನಡೆದಿರಲಿಲ್ಲ. ಪರೇಡ್ ಕೇವಲ ಪೂರಕ, ನ್ಯಾಯಾಲಯದಲ್ಲಿ ಗುರುತಿಸುವುದೇ ಮೂಲ ಸಾಕ್ಷ್ಯ ಎಂಬುದು ನಿಜ. ಆದರೂ ಅಪರಿಚಿತನೊಬ್ಬನನ್ನು ಎರಡು ವರ್ಷದ ನಂತರ, ಆರೋಪಿಗಳ ಕಟಕಟೆಯಲ್ಲಿ ನಿಂತಿರುವಾಗ, ಮೊದಲ ಬಾರಿಗೆ ‘ಇವನೇ’ ಎನ್ನುವುದಕ್ಕೆ ಎಷ್ಟು ಬೆಲೆ?

ಹೀಗಾಗಿ ಅವನ ಮೇಲಿನ ಶಿಕ್ಷೆ ನಿಂತದ್ದು ಒಂದು ಅಂಗಿಯ ಮೇಲೆ. ವಿಧಿವಿಜ್ಞಾನ ಪ್ರಯೋಗಾಲಯದ ವರದಿ: ಮನುಷ್ಯ ರಕ್ತ, ಓ ಗುಂಪು. ಮೃತನದೂ ಓ ಗುಂಪು. ಕೆಳಗಿನ ನ್ಯಾಯಾಲಯಕ್ಕೆ ಅಷ್ಟು ಸಾಕಾಗಿತ್ತು. ನಾನು ವರದಿಯಿಂದ ಹಿಂದಕ್ಕೆ ನಡೆದೆ. ಅಂಗಿ ಪ್ರಯೋಗಾಲಯಕ್ಕೆ ಹೋದದ್ದು ಜಪ್ತಿಯಾದ ಮೂವತ್ತೇಳನೆಯ ದಿನ. ಅಲ್ಲಿಯವರೆಗೆ ಠಾಣೆಯಲ್ಲಿ ಕಾಯ್ದವರು ಸಾಕ್ಷಿಯಾಗಿರಲಿಲ್ಲ, ಒಯ್ದ ಕಾನ್‌ಸ್ಟೆಬಲ್ ಕೂಡ ಆಗಿರಲಿಲ್ಲ. ಕವರಿನ ಮೇಲಿನ ಮೊಹರು ಮಾದರಿ ಮೊಹರಿಗೆ, ಅಂದರೆ ಹೋಲಿಸಿ ನೋಡಲು ಬೇರೆಯಾಗಿ ಕಳಿಸಿದ ಅಚ್ಚಿಗೆ, ತಾಳೆಯಾಗಿದೆ ಎಂದು ವರದಿ ಹೇಳುತ್ತಿತ್ತು. ಜಪ್ತಿಯ ಹೊತ್ತಿಗೆ ಬರೆದ ಮಹಜರಿನಲ್ಲಿದ್ದದ್ದು ‘ಕಾಗದದ ಕವರಿನಲ್ಲಿ ಹಾಕಿ’ ಎಂಬಷ್ಟೇ, ಮೊಹರಿನ ಮಾತೇ ಇರಲಿಲ್ಲ. ಹಾಗಾದರೆ ಮೊಹರು ಬಿದ್ದದ್ದು ಎಂದು, ಯಾರ ಕೈಯಲ್ಲಿ?

ಆಮೇಲೆ ಬಂಧನದ ವೇಳೆಯ ವೈದ್ಯಕೀಯ ತಪಾಸಣಾ ಪತ್ರ ಸಿಕ್ಕಿತು. ಎರಡನೆಯವನ ಬಲ ಅಂಗೈಯಲ್ಲಿ ಒಣಗುತ್ತಿದ್ದ ಗಾಯವಿದೆ ಎಂದು ವೈದ್ಯರು ಬರೆದಿದ್ದರು. ಅವನ ರಕ್ತದ ಗುಂಪನ್ನು ಯಾರೂ ಪರೀಕ್ಷಿಸಿರಲಿಲ್ಲ. ಅವನದೂ ಓ ಆಗಿದ್ದರೆ ಅಂಗಿಯ ಮೇಲಿನ ಕಲೆ ಅವನದೇ ಇರಬಹುದಲ್ಲವೇ? ಓ ಅಪರೂಪದ ಗುಂಪೇನಲ್ಲ. ಡಿಎನ್ಎ ಪರೀಕ್ಷೆ ನಡೆದಿರಲಿಲ್ಲ.

ವಾದದ ದಿನ ಮೊದಲ ಆರೋಪಿಯ ಪರ ಹೇಳಬೇಕಾದ್ದನ್ನು ಹೇಳಿ ಬೇಗ ಮುಗಿಸಿದೆ. ಉಳಿದ ಸಮಯವನ್ನೆಲ್ಲ ಅಂಗಿಗೆ ಕೊಟ್ಟೆ. ಮಾದರಿ ಮೊಹರು ಯಾವ ನಿಶಾನೆ ಎಂದು ಪೀಠ ಕೇಳಿದಾಗ ಸರ್ಕಾರಿ ವಕೀಲರು ಪೇಪರ್ ಬುಕ್ಕನ್ನು (ಪ್ರಕರಣದ ದಾಖಲೆಗಳನ್ನು ಒಟ್ಟಿಗೆ ಸೇರಿಸಿದ ಪುಸ್ತಕವನ್ನು) ಎರಡು ಸಲ ಮೊದಲಿನಿಂದ ಕೊನೆಯವರೆಗೆ ತಿರುವಿದರು. ಮೊದಲನೆಯವನ ಶಿಕ್ಷೆ ಖಾಯಂ ಆಯಿತು. ಎರಡನೆಯವನು ಬಿಡುಗಡೆಯಾದ. ಆ ತಪಾಸಣಾ ಪತ್ರ ವಿಚಾರಣೆಯ ಮೊದಲ ದಿನದಿಂದಲೂ ಕಡತದಲ್ಲಿಯೇ ಇತ್ತು, ಅದರ ಬಗ್ಗೆ ಒಂದು ಪ್ರಶ್ನೆಯೂ ಬಂದಿರಲಿಲ್ಲ. ಅಷ್ಟರಲ್ಲಿ ಅವನು ಐದು ವರ್ಷ ಜೈಲಿನಲ್ಲಿ ಕಳೆದಿದ್ದ.