ಮೈನಸ್ ಅಂದರೆ ಹೈಫನ್ ಅಲ್ಲ: ಗಣಿತ ಪತ್ರಿಕೆ ಟೈಪಿಂಗ್, ನನ್ನ ಅನುಭವ

ಶಿವಮೊಗ್ಗದ ದುರ್ಗಿಗುಡಿಯಲ್ಲಿ ನನ್ನ ಡಿಟಿಪಿ ಅಂಗಡಿ ಶುರುವಾಗಿ ಹದಿನೈದು ವರ್ಷದ ಹತ್ತಿರ ಆಯಿತು. ಲಗ್ನಪತ್ರಿಕೆ ಎಲ್ಲರೂ ಮಾಡುತ್ತಾರೆ. ಕನ್ನಡ ಮಾಧ್ಯಮದ ಗಣಿತ ಪ್ರಶ್ನೆಪತ್ರಿಕೆ ಅಂದರೆ ಮಾತ್ರ ಹಿಂದೆ ಸರಿಯುತ್ತಾರೆ. ಪ್ರತಿ ಅಕ್ಷರಕ್ಕೂ, ಚಿಹ್ನೆಗೂ ತನ್ನದೇ ಸಂಕೇತ ಸಂಖ್ಯೆ ಇರುವ ಯೂನಿಕೋಡಿಗೆ ಬರುತ್ತೇನೆ ಅಂದಾಗ ಜೊತೆಯವರೆಲ್ಲ ಬೇಡ ಅಂದಿದ್ದರು. ಈ ವರ್ಷ ತೀರ್ಥಹಳ್ಳಿ, ಹೊಸನಗರ ಕಡೆಯದ್ದೂ ಸೇರಿ ನಲವತ್ತಕ್ಕೂ ಜಾಸ್ತಿ ಪತ್ರಿಕೆ ಮಾಡಿದೆ. ಒಂದು ಚಿಹ್ನೆಯೂ ತಪ್ಪಲಿಲ್ಲ.

ತಪ್ಪಿದ ಕಾಲವೂ ಇತ್ತು. ಒಂದು ಶಾಲೆಯ ಹತ್ತನೇ ತರಗತಿಯ ಪತ್ರಿಕೆ. ಸಮಾಂತರ ಶ್ರೇಢಿಯ ಮೊದಲ ಪದ 4, ಸಾಮಾನ್ಯ ವ್ಯತ್ಯಾಸ −3, ಹತ್ತನೇ ಪದ ಎಷ್ಟು? ಕೀಬೋರ್ಡಿನ ಹೈಫನ್ನೇ ಒತ್ತಿದ್ದೆ. ಸಾಲು ಮುಗಿಯುವಲ್ಲಿ ಹೈಫನ್ ಉಳಿದು, 3 ಕೆಳಗಿನ ಸಾಲಿಗೆ ಹೋಯಿತು. ಮಕ್ಕಳು 3 ಅಂತಲೇ ಓದಿಕೊಂಡು 31 ಬರೆದರು. ಸರಿ ಉತ್ತರ −23. ಮರುಮುದ್ರಣಕ್ಕೆ ಕೈಯಿಂದ ಸುಮಾರು 2,800 ರೂಪಾಯಿ ಹೋಯಿತು, ಆ ಶಾಲೆಯ ಕೆಲಸವೂ ಹೋಯಿತು.

ಆಗ ಬಳಸುತ್ತಿದ್ದದ್ದು ಹಳೆಯ ಆಸ್ಕಿ ಕನ್ನಡ ಫಾಂಟು, ಅಂದರೆ ಇಂಗ್ಲಿಷ್ ಅಕ್ಷರ, ಚಿಹ್ನೆಗಳ ಜಾಗದಲ್ಲೇ ಕನ್ನಡದ ಆಕಾರಗಳನ್ನು ಕೂರಿಸಿದ್ದು. ಅದರಲ್ಲಿ × ಇರಬೇಕಾದ ಜಾಗದಲ್ಲಿ ಒತ್ತಕ್ಷರ ಕೂತಿರುತ್ತದೆ. ಹಾಗಾಗಿ ಪ್ರತಿ ಗುಣಾಕಾರಕ್ಕೂ ಫಾಂಟ್ ಬದಲಿಸಬೇಕು, ಮರೆತರೆ ಲೆಕ್ಕದ ನಡುವೆ ಒತ್ತು ನೇತಾಡುತ್ತದೆ. ಭಿನ್ನರಾಶಿ, ವರ್ಗಮೂಲಕ್ಕೆ ವರ್ಡ್‌ನಲ್ಲಿ ಸೂತ್ರ ಬರೆಯುವ ಈಕ್ವೇಶನ್ ಎಡಿಟರ್ 3.0 ನಂಬಿದ್ದೆ. ಭದ್ರತೆಯ ಕಾರಣಕ್ಕೆ 2018ರ ಜನವರಿಯ ಅಪ್‌ಡೇಟಿನಲ್ಲಿ ಮೈಕ್ರೋಸಾಫ್ಟ್‌ನವರು ಅದನ್ನು ತೆಗೆದರು. ಇನ್ನೂರರಷ್ಟು ಹಳೆಯ ಪತ್ರಿಕೆಗಳ ಸೂತ್ರಗಳು ಕಣ್ಣಿಗೆ ಕಾಣುತ್ತವೆ, ತಿದ್ದಲು ಬರುವುದಿಲ್ಲ. ಎರಡು ತಿಂಗಳು ಕೂತು, ಕೋಡ್ ಬರೆದು ಗಣಿತದ ಪುಟ ಜೋಡಿಸುವ ಲೇಟೆಕ್ ಕಲಿತೆ. ಅಷ್ಟು ಚೆಂದ ಬೇರೆ ಯಾವುದರಲ್ಲೂ ಬರಲ್ಲ. ಆದರೆ ಮೇಷ್ಟ್ರುಗಳಿಗೆ ತಾವೇ ತಿದ್ದಿಕೊಳ್ಳಲು ವರ್ಡ್ ಫೈಲೇ ಬೇಕು.

ಕೊನೆಗೆ ಕೈ ಹಿಡಿದದ್ದು ಇಷ್ಟು. ಕನ್ನಡ, ಚಿಹ್ನೆ ಎರಡೂ ಯೂನಿಕೋಡ್. ಮೈನಸ್‌ಗೆ ವರ್ಡ್‌ನಲ್ಲಿ ಅದರ ಯೂನಿಕೋಡ್ ಸಂಕೇತ 2212 ಹೊಡೆದು ಆಲ್ಟ್-ಎಕ್ಸ್. ಈ ಚಿಹ್ನೆ ಹೈಫನ್‌ಗಿಂತ ಉದ್ದ, + ಚಿಹ್ನೆಯ ಅಡ್ಡಗೆರೆಯ ಮಟ್ಟಕ್ಕೇ ಕೂರುತ್ತದೆ, ಮುಂದಿನ ಅಂಕಿಯನ್ನು ಬಿಟ್ಟು ಸಾಲಿನ ತುದಿಯಲ್ಲಿ ನಿಲ್ಲುವುದಿಲ್ಲ. ಭಿನ್ನರಾಶಿಗೆ ಆಲ್ಟ್ ಜೊತೆ = ಒತ್ತಿ ಹೊಸ ಈಕ್ವೇಶನ್. ಪ್ರತಿ ಸಲ ಕೋಡ್ ಹೊಡೆಯುವ ತಾಪತ್ರಯ ಬೇಡ ಅಂತ ಆಟೋಕರೆಕ್ಟಿನಲ್ಲಿ ನನ್ನದೇ ಗುರುತುಗಳನ್ನು ತುಂಬಿಟ್ಟಿದ್ದೇನೆ. ಆ ಪಟ್ಟಿ ಮೂರು ವರ್ಷದ ದುಡಿಮೆ, ಇಲ್ಲಿ ಕೊಡುವುದಿಲ್ಲ. ಹಳೆಯ ಫೈಲಿನ ಹೈಫನ್‌ಗಳಲ್ಲಿ ಮೈನಸ್ ಯಾವುದು ಅಂತ ಹುಡುಕುವ ಮ್ಯಾಕ್ರೋ ಕೂಡ ಅಂಗಡಿಯಲ್ಲೇ ಇರಲಿ.

ಉತ್ತರಸೂಚಿಯನ್ನು ಎಕ್ಸೆಲ್‌ನಲ್ಲಿ ಮಾಡಿ ನೋಡೋಣ ಅಂತ ಹೊರಟೆ. ಈ ಮೈನಸ್ ಹಾಕಿದ ಸಂಖ್ಯೆಯನ್ನು ಎಕ್ಸೆಲ್ ಬರೀ ಅಕ್ಷರ ಅಂದುಕೊಂಡು ಮೊತ್ತದಿಂದ ಬಿಟ್ಟೇಬಿಟ್ಟಿತು. ಲೆಕ್ಕ ಮಾಡಲು ಅದಕ್ಕೆ ಕೀಬೋರ್ಡಿನ ಹೈಫನ್ನೇ ಬೇಕು. ಆಸ್ಕಿ ಕಾಲದಿಂದಲೂ ಆ ಒಂದೇ ಕೀ ಎರಡೂ ಕೆಲಸ ಮಾಡುತ್ತಾ ಬಂದಿದೆ, ಅಲ್ವಾ? ಇನ್ನೊಂದು ಜಾಗದಲ್ಲಿ ಅರ್ಧ ದಿನ ಹೋಯಿತು. -3^2 ಕೊಟ್ಟರೆ ಎಕ್ಸೆಲ್ 9 ಅನ್ನುತ್ತದೆ, ಮೈನಸ್ಸನ್ನು ಮೊದಲು 3ಕ್ಕೆ ಅಂಟಿಸಿ ಆಮೇಲೆ ವರ್ಗ ಮಾಡುತ್ತದೆ. ಗಣಿತದಲ್ಲಿ ವರ್ಗ ಮೊದಲು, ಉತ್ತರ −9. ಪೈಥಾನ್ ಅನ್ನುವ ಪ್ರೋಗ್ರಾಮಿಂಗ್ ಭಾಷೆಯಲ್ಲಿ -3**2 ಹಾಕಿದೆ (ಅಲ್ಲಿ ಘಾತಕ್ಕೆ **), ಅದೂ -9 ಅಂದಿತು. ಮೇಷ್ಟ್ರ ಕೈಬರಹದಲ್ಲಿದ್ದದ್ದೇ ಸರಿ. ಅಂದಿನಿಂದ ಸೂಚಿಯಲ್ಲಿ ಕಂಸವಿಲ್ಲದೆ ಘಾತ ಬರೆಯುವುದಿಲ್ಲ.

ಮೊದಲು ಪುಟಕ್ಕೆ 40 ರೂಪಾಯಿ ಇತ್ತು. ಈಗ ಗಣಿತಕ್ಕೆ 110-120 ತೆಗೆದುಕೊಳ್ಳುತ್ತೇನೆ, ಯಾರೂ ಚೌಕಾಸಿ ಮಾಡುವುದಿಲ್ಲ.

ನಮ್ಮ ಕಡೆಯವರಿಗೆ ಒಂದು ಮಾತು. ಆಷಾಢದ ಮಳೆಯಲ್ಲಿ ಕಾಗದ ತೇವ ಹೀರುತ್ತದೆ, ಲೇಸರ್ ಪ್ರಿಂಟರಿನ ಟೋನರ್ ಸರಿಯಾಗಿ ಹಿಡಿಯುವುದಿಲ್ಲ. ಸಣ್ಣ ಗೆರೆಯ ಮೈನಸ್ಸೇ ಮೊದಲು ಉದುರುವುದು. ನಾನು ರೀಮುಗಳನ್ನು ಬೀರುವಿನಲ್ಲಿಟ್ಟು ಕೆಳಗೆ, ಕಾಗದಕ್ಕೆ ತಾಗದ ಹಾಗೆ, 40 ವ್ಯಾಟ್ ಬಲ್ಬು ಉರಿಸುತ್ತೇನೆ. ಎಲ್‌ಇಡಿ ಆಗುವುದಿಲ್ಲ, ಬಿಸಿಯಾಗುವ ಹಳೆಯ ಬಲ್ಬೇ ಬೇಕು.