ಬೆಳಕು-ಬಣ್ಣಗಳ ಕಲ್ಪಿತ ದರ್ಶನವೊಂದನ್ನು ಕಟ್ಟುವ ಬಗೆ

ಕಾದಂಬರಿಗೋ ನಾಟಕಕ್ಕೋ ಇಲ್ಲದ ಮತವೊಂದನ್ನು ಹುಟ್ಟಿಸಹೊರಟವರು ಸಾಮಾನ್ಯವಾಗಿ ಸಿದ್ಧಾಂತದಿಂದ ಆರಂಭಿಸುತ್ತಾರೆ. ‘ಬೆಳಕೇ ಪರಮಸತ್ಯ, ಬಣ್ಣಗಳು ಅದರ ಲೀಲೆ’ ಎಂದು ಬರೆದುಬಿಟ್ಟರೆ ಮುಂದೆ ಬರೆಯಲು ಏನೂ ಉಳಿಯುವುದಿಲ್ಲ, ಏಕೆಂದರೆ ಆ ಮಾತನ್ನು ಅಲ್ಲಗಳೆಯುವ ಗೋಜಿಗೆ ಯಾರೂ ಹೋಗುವುದಿಲ್ಲ. ದರ್ಶನ ನಿಲ್ಲುವುದು ವಾದದ ಮೇಲೆ. ಆದ್ದರಿಂದ ಮೊದಲು ಹುಡುಕಬೇಕಾದದ್ದು ಕೈಗೆ ಸಿಗುವ ಒಂದು ವಸ್ತುವನ್ನು. ಇಬ್ಬರು ಬುದ್ಧಿವಂತರು ಅದನ್ನೇ ನೋಡಿ ಎರಡು ಬಗೆಯಾಗಿ ಹೇಳುವಂತಿರಬೇಕು.

ನನಗೆ ಅದು ಸಿಕ್ಕಿದ್ದು ಗುಳೇದಗುಡ್ಡದ ಖಣದಲ್ಲಿ, ಅಂದರೆ ಅಲ್ಲಿ ನೇಯುವ ಕುಪ್ಪಸದ ಬಟ್ಟೆಯಲ್ಲಿ. ಮನೆಯಲ್ಲಿದ್ದ ಒಂದು ಖಣದ ಹಾಸು (ಉದ್ದದ ಎಳೆ) ಕೆಂಪು, ಹೊಕ್ಕು (ಅಡ್ಡದ ಎಳೆ) ಹಸಿರು. ಕಿಟಕಿಯ ಬಳಿ ಹಿಡಿದು ಓರೆ ಮಾಡಿದರೆ ಮಡಿಕೆಯ ಏಣಿನಲ್ಲಿ ಕೆಂಪು ಹೊಳೆಯುತ್ತದೆ, ಅದರ ಇಳಿಜಾರಿನಲ್ಲಿ ಹಸಿರು ಏಳುತ್ತದೆ, ನೇರವಾಗಿ ಹಿಡಿದರೆ ಎರಡೂ ಅಲ್ಲದ ಒಂದು ಕಂದು. ಅಂಚಿನಿಂದ ಎಳೆಗಳನ್ನು ಬಿಡಿಸಿ ನೋಡಿದೆ. ಕಂದು ಬಣ್ಣದ ಎಳೆ ಒಂದೂ ಇರಲಿಲ್ಲ. ಹಾಗಾದರೆ ಆ ಕಂದು ಎಲ್ಲಿದೆ? ಈ ಒಂದು ಪ್ರಶ್ನೆಯಿಂದ ಇಡೀ ಮತವನ್ನು ಕಟ್ಟಬಹುದು.

ಎರಡನೆಯ ಕೆಲಸ, ನಿಮಗಿಂತ ಮೊದಲು ಈ ಪ್ರಶ್ನೆಯನ್ನು ಕೇಳಿದವರನ್ನು ಓದುವುದು. ಪ್ರಾಚೀನ ಭಾರತದ ತರ್ಕಪ್ರಧಾನ ದರ್ಶನಗಳವರಾದ ನ್ಯಾಯ-ವೈಶೇಷಿಕರು ಬಣ್ಣವನ್ನು ‘ರೂಪ’ ಎಂಬ ಗುಣವೆಂದು ಕರೆದು, ಅದು ಕಣ್ಣಿಗೆ ಮಾತ್ರ ಗ್ರಾಹ್ಯವೆಂದರು. ಬಿಳಿ, ನೀಲಿ, ಹಳದಿ, ಕೆಂಪು, ಹಸಿರು, ಕಪಿಶ (ಕಂದು) ಇವುಗಳ ಜೊತೆಗೆ ‘ಚಿತ್ರ’ವೆಂಬ ಏಳನೆಯ ಬಣ್ಣವನ್ನೂ ಎಣಿಸಿದರು. ಅದಕ್ಕೆ ಕಾರಣವೂ ಬಟ್ಟೆಯೇ. ಬಟ್ಟೆ ನೂಲುಗಳಿಗಿಂತ ಬೇರೆಯಾದ ಒಂದು ಪೂರ್ಣವಸ್ತುವಾಗಿದ್ದು, ಅದರ ಬಣ್ಣ ಅದನ್ನು ಪೂರ್ತಿ ವ್ಯಾಪಿಸಬೇಕಾದರೆ, ಹಲವು ಬಣ್ಣದ ನೂಲಿನ ಬಟ್ಟೆಗೆ ಕೆಂಪೆನ್ನಲೂ ಬಾರದು, ಹಸಿರೆನ್ನಲೂ ಬಾರದು. ಆದ್ದರಿಂದ ಬೇರೆಯೇ ಒಂದು ಬಣ್ಣವನ್ನು ಒಪ್ಪಲೇಬೇಕಾಯಿತು. ಕತ್ತಲೆಯ ವಿಷಯದಲ್ಲೂ ಹೀಗೆಯೇ ಜಗಳವಿದೆ: ಕುಮಾರಿಲ ಭಟ್ಟನ ಅನುಯಾಯಿಗಳಾದ ಭಾಟ್ಟ ಮೀಮಾಂಸಕರು ಅದಕ್ಕೆ ಬಣ್ಣವೂ ಚಲನೆಯೂ ಕಾಣುವುದರಿಂದ ಅದೊಂದು ದ್ರವ್ಯವೆಂದರೆ, ನೈಯಾಯಿಕರು, ಅಂದರೆ ನ್ಯಾಯದರ್ಶನದವರು, ಅದು ಬೆಳಕಿನ ಅಭಾವ ಮಾತ್ರವೆಂದರು. ಜೈನರ ಲೇಶ್ಯಾ ವಿಚಾರದಲ್ಲಂತೂ ಜೀವದ ಭಾವಗಳಿಗೇ ಕಪ್ಪಿನಿಂದ ಬಿಳಿಯವರೆಗೆ ಆರು ಬಣ್ಣಗಳಿವೆ. ಇವರನ್ನೆಲ್ಲ ಓದದೆ ಬರೆದ ಕಲ್ಪಿತ ಮತ ಇವರ ಮುಂದೆ ಎರಡು ನಿಮಿಷವೂ ನಿಲ್ಲದು.

ಇಷ್ಟಾದ ಮೇಲೆ ನಿಮ್ಮ ಪಕ್ಷವನ್ನು ಒಂದೇ ವಾಕ್ಯದಲ್ಲಿ ಬರೆಯಿರಿ. ನಾನು ಕಲ್ಪಿಸಿಕೊಂಡ ‘ಹಾಸುಬೆಳಕಿನವರು’ ಹೇಳುವುದು ಇಷ್ಟು: ಬೆಳಕು ಹಾಸು, ವಸ್ತು ಹೊಕ್ಕು, ಇವೆರಡೂ ಹೆಣೆದುಕೊಂಡಲ್ಲಿ ಮಾತ್ರ ಬಣ್ಣ. ವಾಕ್ಯ ಸಿಕ್ಕ ಕೂಡಲೇ ಅದಕ್ಕೆ ಎದುರಾಳಿಯನ್ನು ಒದಗಿಸಿ. ನನ್ನ ಕತೆಯ ಎದುರಾಳಿ ನೂಲಿಗೆ ಬಣ್ಣ ಹಾಕುವವನು. ಬಣ್ಣ ನೂಲಿನಲ್ಲಿಯೇ ಇದೆ, ತನ್ನ ಉಗುರಿನ ಸಂದಿಯಲ್ಲಿಯೂ ಇದೆ, ಎಷ್ಟು ತೊಳೆದರೂ ಹೋಗದು ಎಂಬುದು ಅವನ ವಾದ. ನಿಜ ಹೇಳಬೇಕೆಂದರೆ ಅವನ ಮಾತಿಗೆ ನನ್ನವರಿಗಿಂತ ಹೆಚ್ಚು ತೂಕವಿದೆ. ಹಾಗೆಯೇ ಇರಬೇಕು, ಎದುರಾಳಿಯನ್ನು ಪೆದ್ದನನ್ನಾಗಿಸಿದರೆ ಗೆದ್ದ ಮತವೂ ಪೆದ್ದಾಗಿಯೇ ಕಾಣುತ್ತದೆ.

ಮುಂದಿನದು ಪ್ರಮಾಣ, ಅಂದರೆ ಈ ಮತದವರು ತಮ್ಮ ಮಾತನ್ನು ಹೇಗೆ ತೋರಿಸಿಕೊಡುತ್ತಾರೆಂಬುದು. ಇಲ್ಲಿ ಕಾಲದ ಎಚ್ಚರ ಬೇಕು. ನಿಮ್ಮ ಕತೆ ಬಾದಾಮಿಯ ಮೂರನೆಯ ಗುಹೆ ಸಿದ್ಧವಾದ 578ರ ಆಸುಪಾಸಿನದಾದರೆ ಪಾತ್ರಗಳ ಕೈಯಲ್ಲಿ ಪಟ್ಟಕ (ಪ್ರಿಸಂ) ಇರಕೂಡದು. ಬಿಳಿಬೆಳಕನ್ನು ಒಡೆದು ತೋರಿಸಿದ ಪ್ರಯೋಗವನ್ನು ನ್ಯೂಟನ್ ಪ್ರಕಟಿಸಿದ್ದು 1672ರಲ್ಲಿ. ಆದರೆ ಹಣತೆ, ಎಣ್ಣೆ, ನೀರು, ದಾಸವಾಳದ ಪಕ್ಕದಲ್ಲಿಟ್ಟ ಸ್ಫಟಿಕ ಇವೆಲ್ಲ ಇರಬಹುದು. ಇವೆಲ್ಲಕ್ಕಿಂತ ಒಳ್ಳೆಯ ಸಾಧನ ಸಂಜೆ. ಆ ಖಣವನ್ನು ಸೂರ್ಯ ಮುಳುಗುವ ಹೊತ್ತಿಗೆ ಅಂಗಳದಲ್ಲಿ ಹರಡಿ, ದೀಪ ಹಚ್ಚದೆ ಅರ್ಧ ಗಂಟೆ ನೋಡುತ್ತ ಕೂಡಿ. ಮೊದಲು ಕಪ್ಪಾಗುವುದು ಕೆಂಪು. ಹಸಿರು ಇನ್ನೂ ಸ್ವಲ್ಪ ಹೊತ್ತು ತಿಳಿಯಾಗಿ ಉಳಿದು, ಆಮೇಲೆ ಬೂದಿಯಾಗುತ್ತದೆ. ಮಬ್ಬಿನಲ್ಲಿ ಬಣ್ಣ ಗುರುತಿಸುವ ಕಣ್ಣಿನ ಶಂಕುಕೋಶಗಳು ಹಿಂದೆ ಸರಿದು, ಕೆಂಪಿಗೆ ಬಹುತೇಕ ಕುರುಡಾದ ದಂಡಕೋಶಗಳು ಕೆಲಸ ವಹಿಸಿಕೊಳ್ಳುವುದೇ ಇದಕ್ಕೆ ಕಾರಣ. ಪಾತ್ರಗಳಿಗೆ ಈ ಕಾರಣ ಗೊತ್ತಿರಬೇಕಿಲ್ಲ. ಆದರೆ ನೇಕಾರರ ಓಣಿಯಲ್ಲಿ ಬೆಳೆದವರಿಗೆ ಸಂಜೆ ಯಾವ ನೂಲು ಮೊದಲು ಕಣ್ಣಿಗೆ ತಪ್ಪುತ್ತದೆಂಬುದು ಗೊತ್ತಿಲ್ಲದಿದ್ದರೆ ಓದುಗರು ನಂಬುವುದಿಲ್ಲ.

ಭಾಷೆಯ ಕೆಲಸವೇ ಕಠಿಣ. ಬೆಳಕು, ಬೆಳಗು, ಬಿಳಿ, ಬೆಳ್ಳಿ, ಬೆಳದಿಂಗಳು ಎಲ್ಲವೂ ಒಂದೇ ಬೇರಿನವು; ಕನ್ನಡದಲ್ಲಿ ಚಿಂತಿಸುವ ಮತಕ್ಕೆ ಬಿಳಿ ಮತ್ತು ಬೆಳಕನ್ನು ಬೇರ್ಪಡಿಸುವುದೇ ಮೊದಲ ತೊಡಕಾಗುತ್ತದೆ, ಆ ತೊಡಕನ್ನು ಬಳಸಿಕೊಳ್ಳಿ. (ಇದೇ ಹುರುಪಿನಲ್ಲಿ ಬೆಳಗಾವಿಯನ್ನು ‘ಬೆಳಕಿನ ಊರು’ ಮಾಡಿ ಮತದ ಮಠವನ್ನು ಅಲ್ಲಿ ಸ್ಥಾಪಿಸಬೇಡಿ, ಶಾಸನಗಳಲ್ಲಿ ಅದು ವೇಣುಗ್ರಾಮ, ಬಿದಿರಿನ ಊರು.) ಇನ್ನು ‘ಬಣ್ಣ’ ಎಂಬುದು ‘ವರ್ಣ’ದ ತದ್ಭವ, ಮತ್ತು ವರ್ಣವೆಂದರೆ ಅಕ್ಷರವೂ ಹೌದು, ಜಾತಿಯ ಶ್ರೇಣಿಯೂ ಹೌದು. ಕೂಡಲಸಂಗಮವಿರುವ ಜಿಲ್ಲೆಯಲ್ಲಿ ಕೂತು ವರ್ಣದ ದರ್ಶನ ಬರೆಯುವವರು ಈ ಅರ್ಥವನ್ನು ಕಾಣದವರಂತೆ ದಾಟಲಾಗದು. ಹನ್ನೆರಡನೆಯ ಶತಮಾನದ ಶರಣರ ನಂತರದ ಕತೆಯಾದರಂತೂ ಯಾರಾದರೊಬ್ಬರು ಎದ್ದುನಿಂತು, ವಸ್ತುವಿಗೆ ಸ್ವಂತ ವರ್ಣವಿಲ್ಲವೆನ್ನುವ ನೀವು ಮನುಷ್ಯನಿಗೆ ಮಾತ್ರ ಹುಟ್ಟಿನಿಂದ ಅದನ್ನು ಹೇಗೆ ಅಂಟಿಸುತ್ತೀರಿ ಎಂದು ಕೇಳಿಯೇ ಕೇಳುತ್ತಾರೆ. ನನ್ನ ಹಾಸುಬೆಳಕಿನವರು ಇಬ್ಭಾಗವಾದದ್ದು ಈ ಪ್ರಶ್ನೆಯ ಮುಂದೆ. ಒಂದು ಪಂಗಡ ತನ್ನ ತತ್ತ್ವವನ್ನು ಬಟ್ಟೆಗಷ್ಟೇ ಸೀಮಿತಗೊಳಿಸಿ ಅರಮನೆಯ ಆಶ್ರಯ ಪಡೆಯಿತು. ಇನ್ನೊಂದು ಪಂಗಡ ಊರಾಚೆ ಹೋಯಿತು.

ಧ್ವಜ, ಲಾಂಛನ, ದೀಕ್ಷೆಯ ಉಡುಗೆ, ಹಬ್ಬ ಇವನ್ನು ಕೊನೆಗೆ ಬಿಡಿ. ಅರ್ಧ ದಿನದ ಕೆಲಸ.

ಬರೆದದ್ದನ್ನು ತತ್ತ್ವಶಾಸ್ತ್ರ ಓದಿದವರಿಗಿಂತ ಮೊದಲು ಆ ಕೆಲಸ ಬಲ್ಲವರಿಗೆ ಓದಿ ಹೇಳಿ. ನಾನು ಓದಿದ್ದು ಕುಣಿಮಗ್ಗದಲ್ಲಿ ಖಣ ನೇಯುತ್ತಿದ್ದ ಹಿರಿಯರೊಬ್ಬರಿಗೆ. ಹಾಸು-ಹೊಕ್ಕಿನ ಹೋಲಿಕೆಗೆ ಅವರು ತಲೆಯಾಡಿಸಿದರು, ಲಾಳಿಯನ್ನು ನಿಲ್ಲಿಸಲಿಲ್ಲ. ಕತ್ತಲೆಯನ್ನು ‘ಕಡಿದ ಹಾಸು’ ಎಂದು ವರ್ಣಿಸಿದ ಭಾಗ ಬಂದಾಗ ಮಾತ್ರ ಕೈ ನಿಂತಿತು. “ಹಾಸು ಕಡಿದ್ರ ಗಂಟ ಹಾಕಿ ಕೂಡಸ್ತೀವಿ ತಮ್ಮಾ. ಕತ್ತಲಿ ಅಂದ್ರ ಅದಲ್ಲ. ಕತ್ತಲಿ ಅಂದ್ರ ಈ ಕುಣಿ,” ಎಂದು ಕಾಲು ಇಳಿಬಿಟ್ಟಿದ್ದ ಗುಂಡಿಯತ್ತ ತೋರಿಸಿದರು. ಅದು ಬಟ್ಟೆಯಲ್ಲಿ ಎಲ್ಲಿಯೂ ಕಾಣುವುದಿಲ್ಲ, ಆದರೆ ಅದಿಲ್ಲದೆ ತುಳಿಯಲು ಆಗುವುದಿಲ್ಲ. ಭಾಟ್ಟರ ದ್ರವ್ಯವೂ ಅಲ್ಲದ, ನೈಯಾಯಿಕರ ಅಭಾವವೂ ಅಲ್ಲದ ಈ ಮೂರನೆಯ ಕತ್ತಲೆಗಾಗಿ ನಾನು ಇಡೀ ನಾಲ್ಕನೆಯ ಅಧ್ಯಾಯವನ್ನು ಹರಿದುಹಾಕಿ ಮತ್ತೆ ಬರೆಯಬೇಕಾಯಿತು.